ಬರಹಗಾರರಿಗೆ ಸಲಹೆ: ನಾರ್ತ್ ರೋಡಿನ ಕೆಸರು, ಬ್ಯಾಂಕ್ ಸ್ಟ್ರೀಟಿನ ಹೊಗೆ

ಆತ್ಮೀಯರೇ,

ಮ್ಯಾಂಚೆಸ್ಟರ್ ಯುನೈಟೆಡ್ ಫುಟ್‌ಬಾಲ್ ಕ್ಲಬ್ಬಿನ ಮೊದಲ ಎರಡು ತವರು ಮೈದಾನಗಳಾದ ನಾರ್ತ್ ರೋಡ್ ಮತ್ತು ಬ್ಯಾಂಕ್ ಸ್ಟ್ರೀಟ್ ಬಗ್ಗೆ ನೀವು ಕಳಿಸಿದ ಲೇಖನವನ್ನು ಎರಡು ಸಲ ಓದಿದೆ. ಈಗಿರುವ ರೂಪದಲ್ಲಿ ಪ್ರಕಟಿಸಲು ಆಗುವುದಿಲ್ಲ. ಆದರೆ ವಿಷಯ ಕೈಬಿಡುವಂಥದ್ದಲ್ಲ. ತಿದ್ದಿ ಕಳಿಸಿದರೆ ಖಂಡಿತ ತೆಗೆದುಕೊಳ್ಳುತ್ತೇವೆ, ಅದಕ್ಕೇ ಇಷ್ಟು ವಿವರವಾಗಿ ಬರೆಯುತ್ತಿದ್ದೇನೆ.

ನಿಮ್ಮ ಲೇಖನದ ದೊಡ್ಡ ತೊಡಕು ಅದು ನಿಂತು ನೋಡುವ ಜಾಗ. ಮೊದಲ ನಾಲ್ಕು ಪ್ಯಾರಾ ಕ್ಲಬ್ಬಿನ ಈಗಿನ ಮೈದಾನವಾದ ಓಲ್ಡ್ ಟ್ರಾಫರ್ಡ್‌ನ ವೈಭವಕ್ಕೇ ಹೋಗಿವೆ. ಆಮೇಲೆ ನಾರ್ತ್ ರೋಡಿಗೆ ಬಂದರೂ ಅದನ್ನು ‘ಭವ್ಯ ಪಯಣದ ಮೊದಲ ಮೆಟ್ಟಿಲು’ ಎನ್ನುತ್ತೀರಿ. 1880ರಲ್ಲಿ ಅಲ್ಲಿ ಆಡುತ್ತಿದ್ದ ರೈಲ್ವೆ ಕೆಲಸಗಾರರಿಗೆ ಮುಂದಿನ ಪಯಣ ಗೊತ್ತಿರಲಿಲ್ಲ. ಅವರ ಕಣ್ಣೆದುರು ಇದ್ದದ್ದು ಬಾಡಿಗೆ, ಕೆಸರು, ಪಕ್ಕದಲ್ಲಿ ಹಾದುಹೋಗುವ ರೈಲಿನ ಹೊಗೆ. ಓದುಗರಿಗೂ ಮೊದಲು ಅದೇ ಕಾಣಬೇಕು. ಆ ನಾಲ್ಕು ಪ್ಯಾರಾ ಪೂರ್ತಿ ತೆಗೆಯಿರಿ.

ಇನ್ನು ಪದಗಳು. ನಾರ್ತ್ ರೋಡನ್ನು ಎಲ್ಲ ಕಡೆ ‘ಕ್ರೀಡಾಂಗಣ’ ಎಂದಿದ್ದೀರಿ. ಕ್ರೀಡಾಂಗಣ ಎಂದ ತಕ್ಷಣ ಕನ್ನಡದ ಓದುಗರಿಗೆ ಕಾಂಕ್ರೀಟಿನ ಗ್ಯಾಲರಿ, ಫ್ಲಡ್‌ಲೈಟ್ ಕಣ್ಣಿಗೆ ಬರುತ್ತವೆ. ಅಲ್ಲಿ 1891ರವರೆಗೆ ಹೇಳಿಕೊಳ್ಳುವಂಥ ಸ್ಟ್ಯಾಂಡೇ ಇರಲಿಲ್ಲ. ‘ಮೈದಾನ’ ಎಂದರೆ ಸಾಕು. ಕ್ಲಬ್ಬನ್ನು ಕಟ್ಟಿದ ಲ್ಯಾಂಕಶೈರ್ ಅಂಡ್ ಯಾರ್ಕ್‌ಶೈರ್ ರೈಲ್ವೆಯ ಕ್ಯಾರೇಜ್ ಅಂಡ್ ವ್ಯಾಗನ್ ವಿಭಾಗವನ್ನು ನೀವು ‘ವಾಹನ ಇಲಾಖೆ’ ಮಾಡಿದ್ದೀರಿ. ಹುಬ್ಬಳ್ಳಿಯ ರೈಲ್ವೆ ವರ್ಕ್‌ಶಾಪಿನವರು ಇದನ್ನು ಓದಿದರೆ ಯಾವ ಇಲಾಖೆ ಎಂದು ತಬ್ಬಿಬ್ಬಾಗುತ್ತಾರೆ. ‘ಬೋಗಿ, ವ್ಯಾಗನ್ ಕಟ್ಟಿ ರಿಪೇರಿ ಮಾಡುವ ವಿಭಾಗ’ ಎಂದು ಒಮ್ಮೆ ಬಿಡಿಸಿ ಹೇಳಿ, ಮುಂದೆ ‘ಕ್ಯಾರೇಜ್ ವಿಭಾಗ’ ಎಂದು ಬಳಸಿ.

ಕ್ಲಬ್ಬಿನ ಹೆಸರೂ ಕಲಸಿಹೋಗಿದೆ. ‘1892ರಲ್ಲಿ ಮ್ಯಾಂಚೆಸ್ಟರ್ ಯುನೈಟೆಡ್ ಲೀಗ್ ಪ್ರವೇಶಿಸಿತು’ ಎಂಬ ವಾಕ್ಯ ತಪ್ಪು. 1878ರಲ್ಲಿ ಹುಟ್ಟಿದಾಗ ಅದು ನ್ಯೂಟನ್ ಹೀತ್ ಎಲ್‌ವೈಆರ್. ನ್ಯೂಟನ್ ಹೀತ್ ಎಂಬುದು ನಾರ್ತ್ ರೋಡ್ ಇದ್ದ ಪ್ರದೇಶ, ಕೊನೆಯ ಮೂರಕ್ಷರ ರೈಲ್ವೆ ಕಂಪನಿಯದು. 1892ರಲ್ಲಿ ಆ ನಂಟು ಕಳಚಿತು, ಬರೀ ನ್ಯೂಟನ್ ಹೀತ್ ಉಳಿಯಿತು. ಮ್ಯಾಂಚೆಸ್ಟರ್ ಯುನೈಟೆಡ್ ಎಂಬ ಹೆಸರು ಬಂದದ್ದು 1902ರ ಏಪ್ರಿಲ್‌ನಲ್ಲಿ. ಯಾವ ಇಸವಿಯ ಮಾತೋ ಆ ಇಸವಿಯ ಹೆಸರನ್ನೇ ಹಾಕಿ. ಇದು ಬರೀ ಅಚ್ಚುಕಟ್ಟಿನ ಪ್ರಶ್ನೆಯಲ್ಲ, ನಾರ್ತ್ ರೋಡ್ ಯಾಕೆ ಕೈತಪ್ಪಿತು ಎಂಬುದರ ಸುಳಿವು ಆ ಮೂರಕ್ಷರ ಬಿದ್ದುಹೋದದ್ದರಲ್ಲೇ ಇದೆ.

ಆ ಭಾಗವನ್ನು ನೀವು ‘ಹಣಕಾಸಿನ ಮುಗ್ಗಟ್ಟಿನಿಂದ ಮೈದಾನ ತೊರೆಯಬೇಕಾಯಿತು’ ಎಂಬ ಒಂದೇ ವಾಕ್ಯದಲ್ಲಿ ದಾಟಿಬಿಟ್ಟಿದ್ದೀರಿ. ಇಡೀ ಲೇಖನದ ತಿರುಳು ಅಲ್ಲಿತ್ತು. ಜಮೀನು ಮ್ಯಾಂಚೆಸ್ಟರ್ ಕೆಥೆಡ್ರಲ್ ಆಡಳಿತದ್ದು. ಅದನ್ನು ಬಾಡಿಗೆಗೆ ಪಡೆದದ್ದು ರೈಲ್ವೆ ಕಂಪನಿ. ಕ್ಲಬ್ ಆಡುತ್ತಿದ್ದದ್ದು ಕಂಪನಿಯ ನೆರಳಿನಲ್ಲಿ. ನಂಟು ಕಳಚಿದ ಮೇಲೆ ಕಂಪನಿ ಬಾಡಿಗೆಗೆ ನೆರವಾಗುವುದನ್ನು ನಿಲ್ಲಿಸಿತು. ಇತ್ತ ಲೀಗಿನ ಮೇಲಿನ ದರ್ಜೆಯಾದ ಫಸ್ಟ್ ಡಿವಿಷನ್ ಸೇರಿದ ತಂಡಕ್ಕೆ ಖರ್ಚು ಏರಿತ್ತು, ಟಿಕೆಟ್ ಹಣವಿಲ್ಲದೆ ಬದುಕಿರಲಿಲ್ಲ. ಅತ್ತ ಚರ್ಚಿನವರಿಗೆ ತಮ್ಮ ಜಾಗದಲ್ಲಿ ಪ್ರವೇಶ ಶುಲ್ಕ ವಸೂಲಿ ಮಾಡುವುದು ಸರಿಕಾಣಲಿಲ್ಲ. 1893ರಲ್ಲಿ ಎಬ್ಬಿಸಿದರು. 1891ರಲ್ಲಷ್ಟೇ ಕಟ್ಟಿಸಿದ್ದ, ತಲಾ 1,000 ಜನ ಹಿಡಿಸುವ ಎರಡು ಸ್ಟ್ಯಾಂಡ್‌ಗಳನ್ನು ಹೊತ್ತೊಯ್ಯಲು ಆಗದೆ ಕ್ಲಬ್ಬಿನವರು 100 ಪೌಂಡಿಗೆ ಮಾರಿದರು. ಮೂವರ ಲೆಕ್ಕಾಚಾರ ಹೀಗೆ ಡಿಕ್ಕಿ ಹೊಡೆದದ್ದನ್ನು ಎರಡು ಪ್ಯಾರಾದಲ್ಲಿ ಬರೆಯಿರಿ. ಪೌಂಡನ್ನು ಇಂದಿನ ರೂಪಾಯಿಗೆ ಪರಿವರ್ತಿಸಿರುವುದನ್ನು ತೆಗೆಯಿರಿ. ನೂರಮೂವತ್ತು ವರ್ಷದ ಹಿಂದಿನ ಹಣಕ್ಕೆ ಇಂದಿನ ವಿನಿಮಯ ದರ ಹಚ್ಚಿದರೆ ಬರುವ ಅಂಕಿಗೆ ಅರ್ಥವಿಲ್ಲ.

ಆರಂಭ ಹೇಗಿರಬಹುದು ಎಂಬುದಕ್ಕೆ, ನಿಮ್ಮ ಐದನೇ ಪುಟದಲ್ಲಿ ಹೂತುಹೋಗಿರುವ ವಿವರಗಳನ್ನೇ ಎತ್ತಿ ಮುಂದಿಟ್ಟಿದ್ದೇನೆ:

‘ಬಟ್ಟೆ ಬದಲಿಸಲು ಮೈದಾನದಲ್ಲಿ ಕೋಣೆ ಇರಲಿಲ್ಲ. ಆಟಗಾರರು ಓಲ್ಡಮ್ ರಸ್ತೆಯ ತ್ರೀ ಕ್ರೌನ್ಸ್ ಪಬ್ಬಿನಲ್ಲಿ ಸಜ್ಜಾಗಿ, ಕೆಲವು ನೂರು ಗಜ ನಡೆದು ನಾರ್ತ್ ರೋಡ್ ಸೇರುತ್ತಿದ್ದರು. ಬೇಸಗೆಯಲ್ಲಿ ನೆಲ ಕಲ್ಲುಕಲ್ಲು, ಮಳೆ ಬಂದರೆ ಕಾಲು ಹೂಳುವ ಕೆಸರು. ಪಕ್ಕದ ಹಳಿಯ ಮೇಲೆ ರೈಲು ಹೋದಾಗಲೆಲ್ಲ ಹೊಗೆ ಮೈದಾನದ ಮೇಲೆ ಇಳಿಯುತ್ತಿತ್ತು.’

ಇದರಲ್ಲಿ ಒಂದೂ ಗುಣವಾಚಕದ ಅಬ್ಬರವಿಲ್ಲ. ಸಾಮಗ್ರಿಯೆಲ್ಲ ನೀವೇ ಹುಡುಕಿ ತಂದದ್ದು.

ದಾಖಲೆಯ ವಿಷಯದಲ್ಲಿ ಒಂದು ಗಂಭೀರ ತಪ್ಪಿದೆ. ಬ್ಯಾಂಕ್ ಸ್ಟ್ರೀಟಿನಲ್ಲಿ ವಾಲ್ಸಾಲ್ ಟೌನ್ ಸ್ವಿಫ್ಟ್ಸ್ ವಿರುದ್ಧದ 14–0 ಗೆಲುವನ್ನು ಕ್ಲಬ್ಬಿನ ಅತಿದೊಡ್ಡ ಲೀಗ್ ಗೆಲುವು ಎಂದಿದ್ದೀರಿ. 1895ರ ಮಾರ್ಚ್‌ನ ಆ ಪಂದ್ಯದ ಫಲಿತಾಂಶ ರದ್ದಾಯಿತು. ನೆಲದ ಸ್ಥಿತಿ ನೋಡಿ ವಾಲ್ಸಾಲ್‌ನವರು ಆಟಕ್ಕೆ ಮೊದಲೇ ತಕರಾರು ತೆಗೆದಿದ್ದರು. ಹದಗೆಟ್ಟ ನೆಲದ ಮೇಲೆ ಹರಡಿದ್ದ ಮರಳು ಅವರನ್ನು ಇನ್ನಷ್ಟು ಕೆರಳಿಸಿತ್ತು. ರೆಫರಿ ಒಪ್ಪಿಸಿ ಆಡಿಸಿದರು. ಸೋತ ಮೇಲೆ ಮತ್ತೆ ದೂರು ಕೊಟ್ಟರು, ಲೀಗ್ ಮರುಪಂದ್ಯಕ್ಕೆ ಆದೇಶಿಸಿತು. ಅದರಲ್ಲಿ ನ್ಯೂಟನ್ ಹೀತ್ 9–0ಯಿಂದ ಗೆದ್ದಿತು. ಲೀಗ್‌ನಲ್ಲಿ ಕ್ಲಬ್ಬಿನ ದಾಖಲೆ ಗೆಲುವು 1892ರ ಅಕ್ಟೋಬರ್‌ನಲ್ಲಿ ವುಲ್ವರ್‌ಹ್ಯಾಂಪ್ಟನ್ ವಾಂಡರರ್ಸ್ ವಿರುದ್ಧದ 10–1. ಅದು ನಡೆದದ್ದು ನಾರ್ತ್ ರೋಡಿನಲ್ಲಿ. ಅಂದರೆ ತಪ್ಪು ಅಂಕಿಯ ಜೊತೆಗೆ ತಪ್ಪು ಮೈದಾನಕ್ಕೂ ಗೌರವ ಹೋಗಿದೆ. ಸರಿಪಡಿಸುವಾಗ ವಾಲ್ಸಾಲ್ ಪ್ರಸಂಗವನ್ನು ಮಾತ್ರ ಬಿಡಬೇಡಿ. ಆ ನೆಲ ಎಷ್ಟು ಕೆಟ್ಟಿತ್ತು ಎಂಬುದಕ್ಕೆ ಅದಕ್ಕಿಂತ ಗಟ್ಟಿ ಸಾಕ್ಷಿ ಸಿಗುವುದಿಲ್ಲ.

‘ಬ್ರಾಡ್‌ಫರ್ಡ್ ಕಲ್ಲಿದ್ದಲು ಗಣಿ’ ಎಂದು ಬ್ಯಾಂಕ್ ಸ್ಟ್ರೀಟಿನ ಬಗ್ಗೆ ಓದಿ ತಂಡ ಯಾರ್ಕ್‌ಶೈರ್‌ನ ಬ್ರಾಡ್‌ಫರ್ಡ್ ನಗರಕ್ಕೆ ಹೋಯಿತೆಂದು ತಿಳಿದಿದ್ದೀರಿ. ಮ್ಯಾಂಚೆಸ್ಟರ್‌ನ ಪೂರ್ವ ಭಾಗದಲ್ಲೇ ಬ್ರಾಡ್‌ಫರ್ಡ್ ಎಂಬ ಪ್ರದೇಶವಿದೆ, ಬ್ಯಾಂಕ್ ಸ್ಟ್ರೀಟ್ ಮೈದಾನವಿದ್ದ ಕ್ಲೇಟನ್‌ಗೆ ಅಂಟಿಕೊಂಡು. ನಾರ್ತ್ ರೋಡಿನಿಂದ ಬ್ಯಾಂಕ್ ಸ್ಟ್ರೀಟಿಗೆ ಸುಮಾರು ಮೂರು ಮೈಲಿ ಅಷ್ಟೇ. ಲೇಖನದ ಜೊತೆ ಪುಟ್ಟ ನಕ್ಷೆಯೊಂದನ್ನು ಹಾಕಿದರೆ ಇಂಥ ಗೊಂದಲ ಓದುಗರಿಗೂ ಆಗುವುದಿಲ್ಲ. ನ್ಯೂಟನ್ ಹೀತ್, ಕ್ಲೇಟನ್, ಓಲ್ಡ್ ಟ್ರಾಫರ್ಡ್ ಮೂರು ಚುಕ್ಕೆ, ಜೊತೆಗೆ ರೈಲು ಹಳಿ, ಇಷ್ಟು ಸಾಕು. ನೀವು ಕಳಿಸಿದ ಇಂದಿನ ಓಲ್ಡ್ ಟ್ರಾಫರ್ಡ್‌ನ ಬಣ್ಣದ ಫೋಟೊ ಬೇಡ.

1902ರ ಭಾಗ ನನಗೆ ಹಿಡಿಸಿತು. 2,670 ಪೌಂಡ್ ಸಾಲ, ಬ್ಯಾಂಕ್ ಸ್ಟ್ರೀಟಿನ ಗೇಟಿಗೆ ಬಿದ್ದ ಬೀಗ, ಬ್ರಿಸ್ಟಲ್‌ಗೆ ಹೋಗಿ ಆಡಲು ನಾಯಕ ಹ್ಯಾರಿ ಸ್ಟ್ಯಾಫರ್ಡ್ ದುಡ್ಡು ಒಟ್ಟುಮಾಡಿದ್ದು, ಇದೆಲ್ಲ ಸರಾಗವಾಗಿ ಓದಿಸಿಕೊಳ್ಳುತ್ತದೆ. ಒಂದು ಎಚ್ಚರಿಕೆ. ಸ್ಟ್ಯಾಫರ್ಡ್‌ನ ಸೇಂಟ್ ಬರ್ನಾರ್ಡ್ ನಾಯಿ ತಪ್ಪಿಸಿಕೊಂಡು ಹೋಗಿ, ಮದ್ಯ ತಯಾರಿಕೆಯ ಉದ್ಯಮಿ ಜಾನ್ ಹೆನ್ರಿ ಡೇವಿಸ್‌ನ ಕೈಗೆ ಸಿಕ್ಕಿ, ಅದರಿಂದ ಕ್ಲಬ್ ಉಳಿಯಿತು ಎಂಬುದನ್ನು ಕಣ್ಣಾರೆ ಕಂಡವರಂತೆ ಬರೆದಿದ್ದೀರಿ. ಈ ಕಥೆ ಬಾಯಿಂದ ಬಾಯಿಗೆ ಹಲವು ರೂಪದಲ್ಲಿ ಬಂದಿದೆ. ‘ಎಂದು ಹೇಳುತ್ತಾರೆ’ ಎಂಬ ಎರಡು ಪದ ಸೇರಿಸಿ. ಡೇವಿಸ್ ಮತ್ತು ಇನ್ನು ಮೂವರು ತಲಾ 500 ಪೌಂಡ್ ಹಾಕಲು ಮುಂದಾದದ್ದು ಮಾತ್ರ ದಾಖಲೆಯಲ್ಲಿರುವ ಸಂಗತಿ, ಅದನ್ನು ನೇರವಾಗಿ ಹೇಳಿ.

ಡೇವಿಸ್ ಬಂದ ಮೇಲೆ ಬ್ಯಾಂಕ್ ಸ್ಟ್ರೀಟ್ ಬೆಳೆದು ಸುಮಾರು 50,000 ಜನ ಹಿಡಿಸುವಂತಾಯಿತು, 1908ರ ಲೀಗ್ ಪ್ರಶಸ್ತಿ ಬಂದದ್ದೂ ಅಲ್ಲಿದ್ದಾಗಲೇ. ಆದರೂ 1907ರಲ್ಲಿ ಪೋರ್ಟ್ಸ್‌ಮತ್ ಆಡಲು ಬಂದಾಗಿನ ಪತ್ರಿಕಾ ವರದಿಯಲ್ಲಿ ಕ್ಲೇಟನ್‌ನ ಮೂವತ್ತು ಚಿಮಣಿಗಳ ಘಾಟು, ಗೋಲಿನ ಹಿಂದಿನ ಬಾಯ್ಲರ್‌ಗಳಿಂದ ಬರುವ ಹಬೆ ಎರಡೂ ಇವೆ. ಗೆಲುವು ಮತ್ತು ಹೊಗೆಯನ್ನು ಒಂದೇ ಪ್ಯಾರಾದಲ್ಲಿ ಇಡಿ. ಈಗ ಎರಡರ ನಡುವೆ ಮೂರು ಪುಟದ ಅಂತರವಿದೆ.

ಕೊನೆಯದು ಬಿರುಗಾಳಿ. ‘ಬಿರುಗಾಳಿಗೆ ಸ್ಟ್ಯಾಂಡ್ ಉರುಳಿದ್ದರಿಂದ ಕ್ಲಬ್ ಓಲ್ಡ್ ಟ್ರಾಫರ್ಡ್‌ಗೆ ಹೋಯಿತು’ ಎಂದು ಬರೆದಿದ್ದೀರಿ. ತಾರೀಖುಗಳನ್ನು ಸಾಲಾಗಿ ಇಟ್ಟು ನೋಡಿ. ಬ್ಯಾಂಕ್ ಸ್ಟ್ರೀಟಿನ ಕೊನೆಯ ಪಂದ್ಯ 1910ರ ಜನವರಿ 22, ಟಾಟನ್‌ಹ್ಯಾಮ್ ವಿರುದ್ಧ 5–0. ಬಿರುಗಾಳಿ ಫೆಬ್ರವರಿ 17. ಓಲ್ಡ್ ಟ್ರಾಫರ್ಡ್‌ನಲ್ಲಿ ಮೊದಲ ಪಂದ್ಯ ಫೆಬ್ರವರಿ 19, ಲಿವರ್‌ಪೂಲ್ ವಿರುದ್ಧ 4–3ರ ಸೋಲು. ಡೇವಿಸ್‌ನ ಹಣದಲ್ಲಿ, ವಾಸ್ತುಶಿಲ್ಪಿ ಆರ್ಚಿಬಾಲ್ಡ್ ಲೀಚ್‌ನ ನಕ್ಷೆಯಂತೆ ಹೊಸ ಮೈದಾನ ಅಷ್ಟರಲ್ಲಿ ಎದ್ದು ನಿಂತಿತ್ತು. ಗಾಳಿಗೆ ಉರುಳಿದ್ದು ಖಾಲಿಯಾದ ಮೈದಾನದ ಸ್ಟ್ಯಾಂಡ್. ಪೆಟ್ಟು ತಿಂದದ್ದು ರಸ್ತೆಯ ಆಚೆಗಿನ ಮನೆಗಳು. ಕಾರಣವೆಂದು ಬರೆದದ್ದನ್ನು ಕಾಕತಾಳೀಯವೆಂದು ತಿದ್ದಿದರೆ ಪ್ರಸಂಗಕ್ಕೆ ಬಲ ಹೆಚ್ಚುತ್ತದೆ, ಕಡಿಮೆಯಾಗುವುದಿಲ್ಲ.

ಅಲ್ಲಿಂದ ಮುಂದೆ ನೀವು ಬರೆದ ಒಂದೂವರೆ ಪುಟದ ಉಪಸಂಹಾರ ಬೇಡ. ಬ್ಯಾಂಕ್ ಸ್ಟ್ರೀಟ್ ಇದ್ದ ಜಾಗ ಇಂದು ಸೈಕ್ಲಿಂಗ್ ವೆಲೊಡ್ರೋಮ್‌ನ ಕಾರ್ ಪಾರ್ಕಿಂಗ್, ಎದುರಿನ ಮನೆಯೊಂದರ ಗೋಡೆಯ ಮೇಲೆ ಒಂದು ಫಲಕ, ಅಲ್ಲೇ ಹತ್ತಿರದಲ್ಲಿ ಮ್ಯಾಂಚೆಸ್ಟರ್ ಸಿಟಿಯ ಎತಿಹಾದ್ ಸ್ಟೇಡಿಯಂ. ಇಷ್ಟನ್ನು ಹೇಳಿ ನಿಲ್ಲಿಸಿ. ಒಟ್ಟು 1,200 ಪದ ಮೀರದಿರಲಿ. ನಕ್ಷೆಯನ್ನು ಕೈಯಲ್ಲಿ ಬಿಡಿಸಿ ಕಳಿಸಿದರೂ ಸಾಕು, ನಮ್ಮ ಕಲಾವಿದರು ಅಚ್ಚಿಗೆ ತಕ್ಕಂತೆ ಮಾಡಿಕೊಡುತ್ತಾರೆ.

ಇಂತಿ,
ಸಂಪಾದಕ