ಕೋರ್ಟಿನ ನೋಟಿಸ್ ಬಂದಾಗ ಊರು ಬಿಡಬೇಡಿ

(ಗುರುತು ಸಿಗದಂತೆ ಕೆಲವು ವಿವರ ಬದಲಿಸಿದ್ದೇನೆ.)

ಸಾಲದ ನೋಟಿಸ್ ಬಂದು ಕಂಗೆಟ್ಟ ದಂಪತಿಯಲ್ಲಿ ಸಲಹೆಗೆಂದು ನನ್ನ ಹತ್ತಿರ ಮೊದಲು ಬಂದದ್ದು ಹೆಂಡತಿ. "ಮೇಡಂ, ಇವರು ಸರಿಯಾಗಿ ಊಟ ಮಾಡ್ತಿಲ್ಲ. ಯಾರಾದ್ರೂ ಬಾಗಿಲು ಬಡಿದ್ರೆ ಹಿತ್ತಲಿಗೆ ಹೋಗಿ ಕೂರ್ತಾರೆ" ಎಂದರು.

ಗಂಡನಿಗೆ ದಾವಣಗೆರೆಯಲ್ಲಿ ಸಣ್ಣದೊಂದು ಮಂಡಕ್ಕಿ ಭಟ್ಟಿ ಇತ್ತು. ಬ್ಯಾಂಕಿನಿಂದ 6 ಲಕ್ಷ ಸಾಲ ತಂದಿದ್ದರು, ಅಡಮಾನ ಇಲ್ಲದೆ. ಭತ್ತದ ದರ ಏರಿತು, ಅಂಗಡಿಗಳಿಗೆ ಉದ್ರಿ ಕೊಟ್ಟ ಹಣ ವಾಪಸ್ ಬರಲಿಲ್ಲ, ಕಂತು ನಿಂತಿತು. ಬ್ಯಾಂಕ್ ದಾವೆ ಹಾಕಿತು. ಸಮನ್ಸ್ ಬಂದರೂ ಇವರು ಕೋರ್ಟಿಗೆ ಹೋಗಲಿಲ್ಲ. ಏಕಪಕ್ಷೀಯ ಡಿಕ್ರಿ ಆಯಿತು, ಅಂದರೆ ಇವರ ಮಾತು ಕೇಳದೆಯೇ ಹಣ ಕಟ್ಟಬೇಕೆಂದು ತೀರ್ಪಾಯಿತು. ಈಗ ಬಂದಿದ್ದು ಆ ಡಿಕ್ರಿಯ ಹಣ ವಸೂಲಿಗೆ ಬ್ಯಾಂಕ್ ಹಾಕಿದ ಅಮಲ್ಜಾರಿ ಅರ್ಜಿಯ ನೋಟಿಸ್: ನಿಮ್ಮನ್ನು ಸಿವಿಲ್ ಜೈಲಿಗೆ ಏಕೆ ಕಳಿಸಬಾರದು, ಬಂದು ಕಾರಣ ಹೇಳಿ.

ಮುಂದಿನ ಸಲ ಗಂಡನೂ ಬಂದರು. ಕಾಗದ ನೋಡುವ ಮೊದಲೇ ನೇರವಾಗಿ ಕೇಳಿದೆ: "ಸಾಯಬೇಕು ಅನ್ನಿಸಿದ್ದು ಉಂಟಾ?" ತಲೆ ತಗ್ಗಿಸಿ "ಒಂದೆರಡು ಸಲ" ಎಂದರು. ಹೀಗೆ ಕೇಳಿದರೆ ಆ ಯೋಚನೆ ನಾವೇ ತಲೆಗೆ ಹಾಕಿದಂತೆ ಅಂತ ಜನ ಹೆದರುತ್ತಾರೆ, ಹಾಗೇನೂ ಆಗುವುದಿಲ್ಲ. ಅವತ್ತು ಹೆಚ್ಚು ಹೊತ್ತು ಮಾತಾಡಿದ್ದು ಅದರ ಬಗ್ಗೆಯೇ. ಮಾನಸಿಕ ನೆರವಿನ ಸರ್ಕಾರಿ ಸಹಾಯವಾಣಿ ಟೆಲಿ ಮಾನಸ್‌ನ 14416 ನಂಬರ್ ಬರೆದುಕೊಟ್ಟೆ, ಮನೋವೈದ್ಯರ ಹತ್ತಿರ ಕಳಿಸಿದೆ. ಸದ್ಯಕ್ಕೆ ಇವರನ್ನು ಒಬ್ಬರೇ ಬಿಡಬೇಡಿ ಎಂದು ಹೆಂಡತಿಗೆ ಹೇಳಿದೆ.

ಆಮೇಲೆ ನೋಟಿಸ್. ಅವರ ಭಾವ ಆಗಲೇ ಎರಡು ಉಪಾಯ ಹೇಳಿಕೊಟ್ಟಿದ್ದರು. ಒಂದು, ಬೆಂಗಳೂರಿಗೆ ಹೋಗಿ ತಲೆಮರೆಸಿಕೊಳ್ಳುವುದು. ಇನ್ನೊಂದು, ಮನೆಯನ್ನು ಹೆಂಡತಿ ಹೆಸರಿಗೆ ಮಾಡಿಸುವುದು. ಎರಡೂ ಬೇಡವೇ ಬೇಡ ಎಂದೆ. ಸಿವಿಲ್ ಪ್ರಕ್ರಿಯಾ ಸಂಹಿತೆಯ 51ನೇ ಕಲಮಿನಲ್ಲಿ ಜೈಲಿಗೆ ಕಾರಣವಾಗುವುದು ಇಂಥವೇ: ವಸೂಲಿ ತಪ್ಪಿಸಲು ಊರು ಬಿಡುವುದು, ಆಸ್ತಿಯನ್ನು ಬೇರೆಯವರಿಗೆ ದಾಟಿಸುವುದು, ಕೈಯಲ್ಲಿ ಹಣವಿದ್ದೂ ಕಟ್ಟದಿರುವುದು. ನಿಜವಾಗಿ ಹಣವಿಲ್ಲ ಅನ್ನುವುದೊಂದೇ ಜೈಲಿಗೆ ಕಾರಣವಲ್ಲ ಎಂದು ಸುಪ್ರೀಂ ಕೋರ್ಟ್ 1980ರಲ್ಲೇ ಜಾಲಿ ಜಾರ್ಜ್ ವರ್ಗೀಸ್ ಪ್ರಕರಣದಲ್ಲಿ ಹೇಳಿದೆ. ಆದರೆ ಇಲ್ಲ ಅನ್ನುವುದನ್ನು ಕೋರ್ಟಿನ ಮುಂದೆ ನಿಂತೇ ಹೇಳಬೇಕಲ್ವಾ?

ಹೆಂಡತಿಯ ಚಿಂತೆ ಬೇರೆ. "ನನ್ನ ತಾಳಿನೂ ಜಪ್ತಿ ಮಾಡ್ತಾರಾ ಮೇಡಂ?" ಇಲ್ಲ. ಧರ್ಮದ ರೂಢಿಯಂತೆ ಹೆಂಗಸರು ತೆಗೆಯಬಾರದ ಒಡವೆ, ಉಡುವ ಬಟ್ಟೆ, ಅಡುಗೆ ಪಾತ್ರೆ, ಹಾಸಿಗೆ, ಇವುಗಳನ್ನು 60ನೇ ಕಲಮು ಜಪ್ತಿಯಿಂದ ಹೊರಗಿಟ್ಟಿದೆ. ಹಣದ ಡಿಕ್ರಿಗೆ ಹೆಂಗಸರನ್ನು ಬಂಧಿಸುವಂತೆಯೂ ಇಲ್ಲ. ಸಾಲದ ಕಾಗದಕ್ಕೆ ಇವರು ಜಾಮೀನು ಸಹಿಯನ್ನೂ ಹಾಕಿರಲಿಲ್ಲ. ಆದರೆ ಮನೆ ಗಂಡನ ಹೆಸರಿನಲ್ಲಿದೆ, ಅದು ಜಪ್ತಿ ಆಗಬಹುದು. ಅದನ್ನು ಮುಚ್ಚಿಡದೆ ಹೇಳಿದೆ. ಸುಮ್ನೆ ಸಮಾಧಾನ ಮಾಡಿ ಕಳಿಸಿದರೆ ಜಪ್ತಿಗೆ ಕೋರ್ಟಿನ ಅಮೀನರು ಬಂದ ದಿನ ಇವರ ಗತಿ ಏನು?

ಗಂಡ ಇನ್ನೊಂದು ಆಸೆ ಇಟ್ಟುಕೊಂಡಿದ್ದರು: 2025ರಲ್ಲಿ ರಾಜ್ಯ ಸರ್ಕಾರ ಮೈಕ್ರೋ ಫೈನಾನ್ಸ್ ಕಿರುಕುಳದ ವಿರುದ್ಧ ತಂದ ಕಾನೂನಿನಿಂದ ತಮ್ಮ ಸಾಲ ಮನ್ನಾ ಆಗುತ್ತೆ ಅಂತ. ಈ ಪ್ರಶ್ನೆ ನನ್ನ ಹತ್ತಿರ ಜಾಸ್ತಿ ಬರುತ್ತದೆ. ಆ ಕಾನೂನು ರಿಸರ್ವ್ ಬ್ಯಾಂಕಿನ ನೋಂದಣಿ ಇರುವ ಬ್ಯಾಂಕುಗಳಿಗೆ ಅನ್ವಯಿಸುವುದಿಲ್ಲ. ಈ ಸಾಲ ಕಟ್ಟಲೇಬೇಕು. ಎಷ್ಟು, ಹೇಗೆ ಅನ್ನುವುದಷ್ಟೇ ಉಳಿದಿರುವ ಮಾತು.

ಹಾಗಾಗಿ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಕಳಿಸಿದೆ. ಆದಾಯ ಕಡಿಮೆ ಇದ್ದುದರಿಂದ ಉಚಿತ ವಕೀಲರು ಸಿಕ್ಕರು. (ಸಹಾಯವಾಣಿ 15100.) ತಾರೀಖಿನ ದಿನ ಗಂಡ ಹಾಜರಾದರು. ದಿನಗೂಲಿಯ ಲೆಕ್ಕ, ತಮಗೆ ಬಾಕಿ ಕೊಡಬೇಕಾದ ಅಂಗಡಿಗಳ ಪಟ್ಟಿ, ಮನೆ ಪತ್ರದ ನಕಲು, ಎಲ್ಲವನ್ನೂ ಪ್ರಮಾಣಪತ್ರದ (ಅಫಿಡವಿಟ್) ಜೊತೆ ಕೊಟ್ಟರು. ಪ್ರಕರಣ ರಾಜಿಗಾಗಿ ಲೋಕ ಅದಾಲತ್‌ಗೆ ಹೋಯಿತು. ಬ್ಯಾಂಕ್ ಬಡ್ಡಿಯಲ್ಲಿ ಒಂದಷ್ಟು ಬಿಟ್ಟು, ಉಳಿದದ್ದಕ್ಕೆ ಕಂತು ಮಾಡಿಕೊಟ್ಟಿತು.

ಅದಾಲತ್‌ಗೆ ಹೊರಡುವಾಗಲೇ ಎರಡು ವಿಷಯ ಹೇಳಿದ್ದೆ. ಲೋಕ ಅದಾಲತ್ ತೀರ್ಪಿಗೆ ಮೇಲ್ಮನವಿ ಇಲ್ಲ, ಹಾಗಾಗಿ ಆಗುವಷ್ಟೇ ಮೊತ್ತಕ್ಕೆ ಸಹಿ ಹಾಕಬೇಕು. ಅಲ್ಲಿ ಗಂಡ ಮೊದಲು ದೊಡ್ಡ ಕಂತಿಗೆ ಒಪ್ಪಲು ಹೊರಟಿದ್ದರು, ಹೆಂಡತಿಯೇ ತಡೆದರಂತೆ. ಎರಡನೆಯದು, ಬ್ಯಾಂಕಿಗೆ ಕಟ್ಟಿದ ಪ್ರತಿ ಕಂತಿನ ರಸೀದಿ ವಕೀಲರಿಗೆ ತಲುಪಬೇಕು, ಅದು ಕೋರ್ಟಿನಲ್ಲಿ ದಾಖಲಾಗಬೇಕು. ದಾಖಲಾಗದ ಹಣವನ್ನು ಅಮಲ್ಜಾರಿ ಕೋರ್ಟ್ ಲೆಕ್ಕಕ್ಕೆ ಹಿಡಿಯುವುದಿಲ್ಲ.