ಓದುಗರ ಪ್ರಶ್ನೆ: ಹಳೆಯ ಕಾಲದ ವೆನಿಲ್ಲಾ ಸೋಡಾ ಮನೆಯಲ್ಲೇ

ಕಳೆದ ಸಂಚಿಕೆಯಲ್ಲಿ ವೆನಿಲ್ಲಾ ಪಾಕವನ್ನು ಮನೆಯಲ್ಲೇ ಕಾಯಿಸಿಟ್ಟುಕೊಂಡು, ಬೇಕೆಂದಾಗ ಸೋಡಾ ನೀರಿಗೆ ಬೆರೆಸಿ ಕುಡಿಯುವ ಹಳೆಯ ಕ್ರಮವನ್ನು ತಿಳಿಸಿದ್ದೆ. ಅದನ್ನು ಓದದವರಿಗಾಗಿ ಅಳತೆಯನ್ನು ಮತ್ತೊಮ್ಮೆ ಹೇಳುತ್ತೇನೆ. 400 ಗ್ರಾಂ ಸಕ್ಕರೆಗೆ 200 ಮಿಲಿಲೀಟರ್ ನೀರು ಹಾಕಿ, ಸಕ್ಕರೆ ಪೂರ್ತಿ ಕರಗಿ ಒಂದು ಕುದಿ ಬಂದೊಡನೆ ಇಳಿಸಿ, ಚಿಟಿಕೆ ಉಪ್ಪನ್ನೂ ಅರ್ಧ ಚಿಕ್ಕ ಚಮಚ ಸಿಟ್ರಿಕ್ ಆಮ್ಲವನ್ನೂ ಸೇರಿಸಿ, ಪೂರ್ತಿ ಆರಿದ ಮೇಲೆ ವೆನಿಲ್ಲಾ ಕೋಡನ್ನು ಮದ್ಯಸಾರದಲ್ಲಿ ನೆನೆಸಿ ತೆಗೆದ ಸಾರವಾದ ಎರಡು ಚಿಕ್ಕ ಚಮಚ ವೆನಿಲ್ಲಾ ಎಕ್ಸ್‌ಟ್ರಾಕ್ಟ್ ಬೆರೆಸಿದರೆ ಸುಮಾರು 450 ಮಿಲಿಲೀಟರ್ ಪಾಕವಾಗುತ್ತದೆ. 200 ಮಿಲಿಲೀಟರ್ ಸೋಡಾಕ್ಕೆ ಅದರಲ್ಲಿ 30 ಮಿಲಿಲೀಟರ್ ಸಾಕು. ಬಂದ ಪತ್ರಗಳಲ್ಲಿ ಹೆಚ್ಚಿನವುಗಳದ್ದು ಒಂದೇ ದೂರು. ಅದನ್ನೇ ಮೊದಲು ತೆಗೆದುಕೊಂಡಿದ್ದೇನೆ.

ಪ್ರಶ್ನೆ: ಪಾಕದ ಮೇಲೆ ಸೋಡಾ ಸುರಿದ ಕೂಡಲೇ ನೊರೆ ಉಕ್ಕಿ ಲೋಟದಿಂದ ಚೆಲ್ಲುತ್ತದೆ. ನೊರೆ ಇಳಿದ ಮೇಲೆ ಕುಡಿದು ನೋಡಿದರೆ ಗ್ಯಾಸ್ ಹೋದ ಸಕ್ಕರೆ ನೀರಿನಂತಿರುತ್ತದೆ. ನನ್ನ ತಪ್ಪು ಎಲ್ಲಿದೆ?

ಉತ್ತರ: ತಪ್ಪು ಬಹುಶಃ ನಿಮ್ಮ ಪಾಕದಲ್ಲಿಲ್ಲ, ಅದನ್ನು ಫ್ರಿಜ್ಜಿನಿಂದ ಹೊರಗೆ ಇಟ್ಟದ್ದರಲ್ಲಿದೆ. ಸಾಮಾನ್ಯ ವಾಯುಒತ್ತಡದಲ್ಲಿ 0 ಡಿಗ್ರಿ ಸೆಲ್ಸಿಯಸ್ಸಿನ ಒಂದು ಲೀಟರ್ ನೀರು ಸುಮಾರು 1.7 ಲೀಟರ್ ಇಂಗಾಲದ ಡೈಆಕ್ಸೈಡನ್ನು ಕರಗಿಸಿಕೊಳ್ಳಬಲ್ಲುದು. ಅದೇ ನೀರು 20 ಡಿಗ್ರಿಗೆ ಬಂದಾಗ 0.9 ಲೀಟರಿನಷ್ಟನ್ನೂ ಹಿಡಿದಿಟ್ಟುಕೊಳ್ಳಲಾರದು. ಮುಚ್ಚಿದ ಬಾಟಲಿಯಲ್ಲಾದರೋ ಒತ್ತಡದ ಬಲದಿಂದ ನೀರಿನ ಗಾತ್ರದ ಮೂರು ನಾಲ್ಕು ಪಟ್ಟು ಅನಿಲವನ್ನು ತುಂಬಿರುತ್ತಾರೆ. ಆದ್ದರಿಂದ ಮುಚ್ಚಳ ತೆಗೆದ ಕ್ಷಣದಿಂದಲೇ ಅನಿಲ ಹೊರಡಲು ದಾರಿ ಹುಡುಕುತ್ತಿರುತ್ತದೆ. ಬೆಚ್ಚಗಿನ ಪಾಕ, ಬೆಚ್ಚಗಿನ ಲೋಟ, ಬಲವಾಗಿ ತಿರುವುವ ಚಮಚ ಇವೆಲ್ಲ ಅದಕ್ಕೆ ದಾರಿ ಮಾಡಿಕೊಡುತ್ತವೆ.

ಒಮ್ಮೆ ಬರಿಯ ಸೋಡಾವನ್ನು ಗಾಜಿನ ಲೋಟಕ್ಕೆ ಸುರಿದು ಎರಡು ನಿಮಿಷ ನೋಡುತ್ತಾ ಕುಳಿತುಕೊಳ್ಳಿ. ಗುಳ್ಳೆಗಳು ಎಲ್ಲೆಂದರಲ್ಲಿ ಹುಟ್ಟುವುದಿಲ್ಲ. ಗಾಜಿನ ಮೇಲಿನ ಒಂದೇ ಚುಕ್ಕೆಯಿಂದ, ಪೋಣಿಸಿದ ಮಣಿಗಳಂತೆ, ಒಂದರ ಹಿಂದೆ ಒಂದು ಏಳುತ್ತವೆ. ಆ ಚುಕ್ಕೆಯಲ್ಲಿ ಕಣ್ಣಿಗೆ ಕಾಣದ ಗೀರೋ, ಒರೆಸಿದ ಬಟ್ಟೆಯಿಂದ ಅಂಟಿದ ನೂಲಿನ ಎಳೆಯೋ ಇರುತ್ತದೆ. ಅದರಲ್ಲಿ ಸಿಕ್ಕಿಕೊಂಡ ಗಾಳಿಯೇ ಗುಳ್ಳೆಗೆ ಹುಟ್ಟುನೆಲೆ. ಆದ್ದರಿಂದ ಲೋಟವನ್ನು ಬಟ್ಟೆಯಿಂದ ಒರೆಸದೆ, ತಣ್ಣೀರಿನಲ್ಲಿ ಅಲುಗಿಸಿ ತೊಳೆದು ಹಾಗೆಯೇ ಬಳಸಿ. ಐಸ್ ಹಾಕುವುದಾದರೆ ಅದರ ಮೇಲೂ ಸ್ವಲ್ಪ ತಣ್ಣೀರು ಸುರಿದು ಬಸಿದುಬಿಡಿ. ಒರಟಾದ ಮೇಲ್ಮೈ ನುಣುಪಾಗಿ ನೊರೆ ಕಡಿಮೆಯಾಗುತ್ತದೆ.

ಪಾಕ, ಲೋಟ, ಸೋಡಾ ಮೂರೂ ಫ್ರಿಜ್ಜಿನಲ್ಲಿ ಕೆಲವು ಗಂಟೆ ಇದ್ದಿರಬೇಕು. ಮೊದಲು ಪಾಕ, ಅದರ ಮೇಲೆ ಎರಡು ಬೆರಳಿನಷ್ಟು ಸೋಡಾ ಹಾಕಿ, ಇಷ್ಟನ್ನೇ ಚೆನ್ನಾಗಿ ಬೆರೆಸಿಕೊಳ್ಳಿ. ಈ ಸ್ವಲ್ಪ ಸೋಡಾದ ಗ್ಯಾಸ್ ಹೋದರೆ ಹೋಗಲಿ. ಪಾಕ ತೆಳ್ಳಗಾದ ಮೇಲೆ ಲೋಟವನ್ನು ಓರೆಯಾಗಿ ಹಿಡಿದು, ಉಳಿದ ಸೋಡಾವನ್ನು ಗೋಡೆಯ ಮೇಲಿಂದ ಜಾರುವಂತೆ ಸುರಿದು, ಚಮಚವನ್ನು ತಳದವರೆಗೆ ಇಳಿಸಿ ಒಮ್ಮೆ ಮೇಲಕ್ಕೆತ್ತಿದರೆ ಸಾಕು. ಒಂದು ಪಾಲು ನೀರಿಗೆ ಎರಡು ಪಾಲು ಸಕ್ಕರೆ ಹಾಕಿ ಪಾಕವನ್ನು ಅಷ್ಟು ಗಟ್ಟಿ ಮಾಡಿದ್ದಕ್ಕೂ ಇದೇ ಕಾರಣ: ಪಾಕದಲ್ಲಿ ನೀರು ಹೆಚ್ಚಾದಷ್ಟೂ ಒಂದೇ ಸಿಹಿಗೆ ಹೆಚ್ಚು ಪಾಕ ಬೇಕಾಗಿ, ಸೋಡಾದ ಚುರುಕು ಅಷ್ಟಷ್ಟೇ ತಗ್ಗುತ್ತದೆ.

ಪ್ರಶ್ನೆ: ಪಾಕ ಕಾಯಿಸುವಾಗ ಮನೆಯೆಲ್ಲ ಘಮಘಮಿಸುತ್ತದೆ, ಸೋಡಾ ಕುಡಿಯುವಾಗ ಪರಿಮಳವೇ ಇರುವುದಿಲ್ಲ. ಎಸೆನ್ಸ್ ಬಿಟ್ಟು ದುಬಾರಿ ವೆನಿಲ್ಲಾ ಕೋಡನ್ನೇ ತರಬೇಕೆ?

ಉತ್ತರ: ಮನೆಯೆಲ್ಲ ಘಮಘಮಿಸಿತೆಂದರೆ ಲೋಟದಲ್ಲಿರಬೇಕಾದ ಪರಿಮಳ ಗಾಳಿಗೆ ಹೋಯಿತೆಂದೇ ಅರ್ಥ. ಅಮೆರಿಕದ ಆಹಾರ ನಿಯಮದಂತೆ ವೆನಿಲ್ಲಾ ಎಕ್ಸ್‌ಟ್ರಾಕ್ಟಿನಲ್ಲಿ ಕನಿಷ್ಠ ಶೇ. 35ರಷ್ಟು ಮದ್ಯಸಾರ ಇರಬೇಕು. ಕುದಿಯುವ ಪಾಕಕ್ಕೆ ಅದನ್ನು ಸುರಿದರೆ ಮದ್ಯಸಾರವು ಆವಿಯಾಗುವುದರ ಜೊತೆಗೆ ಹಗುರವಾದ ಸುವಾಸನೆಗಳನ್ನೂ ಕರೆದೊಯ್ಯುತ್ತದೆ. ಪಾತ್ರೆಯ ತಳ ಅಂಗೈಗೆ ಬೆಚ್ಚಗೂ ತಾಗದಷ್ಟು ಆರಿದ ಮೇಲೆಯೇ ಬೆರೆಸಿ.

ಕೋಡಿನ ವಿಷಯದಲ್ಲಿ ನನ್ನ ಅಭಿಪ್ರಾಯ ಕೆಲವರಿಗೆ ಹಿಡಿಸಲಿಕ್ಕಿಲ್ಲ. ವೆನಿಲ್ಲಾ ಎಂಬುದು ಮೆಕ್ಸಿಕೊ ಕಡೆಯ ಒಂದು ಆರ್ಕಿಡ್ ಬಳ್ಳಿಯ ಕೋಡು. ಬೇರೆ ನಾಡುಗಳಿಗೆ ಒಯ್ದು ನೆಟ್ಟಾಗ ಬಳ್ಳಿ ಹೂ ಬಿಡುತ್ತಿತ್ತೇ ಹೊರತು ಕಾಯಿ ಕಚ್ಚುತ್ತಿರಲಿಲ್ಲ. 1841ರಲ್ಲಿ ರಿಯೂನಿಯನ್ ದ್ವೀಪದಲ್ಲಿ ಗುಲಾಮನಾಗಿದ್ದ ಎಡ್ಮಂಡ್ ಆಲ್ಬಿಯಸ್ ಎಂಬ ಹನ್ನೆರಡರ ಹುಡುಗ, ಸಣ್ಣ ಕಡ್ಡಿಯಿಂದಲೂ ಹೆಬ್ಬೆರಳಿನಿಂದಲೂ ಹೂವಿಗೆ ಪರಾಗಸ್ಪರ್ಶ ಮಾಡುವ ವಿಧಾನವನ್ನು ತೋರಿಸಿಕೊಟ್ಟ. ಇಂದಿಗೂ ಒಂದೊಂದು ಹೂವಿಗೂ ಹಾಗೆಯೇ ಕೈಯಾಡಿಸಬೇಕಾಗಿರುವುದರಿಂದ ಮತ್ತು ವಾಸನೆಯೇ ಇಲ್ಲದ ಹಸಿ ಕೋಡನ್ನು ತಿಂಗಳುಗಟ್ಟಲೆ ಬೆವರಿಸಿ ಒಣಗಿಸಿ ಹದ ಮಾಡಬೇಕಾಗಿರುವುದರಿಂದ ಅದು ದುಬಾರಿ. ಹದವಾದ ಕೋಡಿನ ತೂಕದಲ್ಲಿ ಸುಮಾರು ಶೇ. 2ರಷ್ಟು ವೆನಿಲಿನ್ ಎಂಬ ಮುಖ್ಯ ಸುವಾಸನೆಯ ವಸ್ತು ಇರುತ್ತದೆ. ಅದರ ಜೊತೆಗೆ ನೂರಾರು ಬೇರೆ ಸುವಾಸನೆಗಳೂ ಇರುತ್ತವೆ. ಎಸೆನ್ಸಿನಲ್ಲಿರುವುದು, 1874ರಲ್ಲಿ ಜರ್ಮನಿಯ ಟೀಮನ್ ಮತ್ತು ಹಾರ್ಮನ್ ಮೊದಲ ಬಾರಿಗೆ ಕೃತಕವಾಗಿ ತಯಾರಿಸಿದ ಆ ವೆನಿಲಿನ್ ಮುಖ್ಯವಾಗಿ.

ಐಸಿನಷ್ಟು ತಣ್ಣಗಿರುವ, ಸಿಹಿಯಾದ, ಗುಳ್ಳೆ ತುಂಬಿದ ಪಾನೀಯದಲ್ಲಿ ಆ ನೂರಾರು ಸೂಕ್ಷ್ಮಗಳಲ್ಲಿ ಹೆಚ್ಚಿನವು ಮೂಗಿಗೆ ತಿಳಿಯುವುದಿಲ್ಲ. ಆದ್ದರಿಂದ ಬರಿಯ ಸೋಡಾಕ್ಕೆ ಒಳ್ಳೆಯ ಎಸೆನ್ಸ್ ಸಾಕು, ಅದೂ ಎಕ್ಸ್‌ಟ್ರಾಕ್ಟಿನ ಅರ್ಧದಷ್ಟು. ಹೆಚ್ಚಾದರೆ ಕಹಿ ತಟ್ಟುತ್ತದೆ. ಹಾಲು, ಕೆನೆ, ಐಸ್‌ಕ್ರೀಮ್ ಸೇರುವ ಪಾನೀಯಕ್ಕೆ ಮಾತ್ರ ಕೋಡಿನ ಬೆಲೆ ದಕ್ಕುತ್ತದೆ. ಆಗ ಕೋಡನ್ನು ಉದ್ದಕ್ಕೆ ಸೀಳಿ, ಬೀಜಗಳನ್ನು ಕೆರೆದು, ಒಲೆಯಿಂದ ಇಳಿಸಿದ ಪಾಕಕ್ಕೆ ಹಾಕಿ ಮುಚ್ಚಿ ಒಂದು ರಾತ್ರಿ ಬಿಟ್ಟು, ಮರುದಿನ ಬಟ್ಟೆಯಲ್ಲಿ ಸೋಸಿ. ಕಪ್ಪು ಬೀಜಗಳು ಚೆಂದವೆಂದು ಸೋಸದೆ ಬಿಟ್ಟರೆ ಒಂದೊಂದು ಬೀಜವೂ ಗುಳ್ಳೆಯ ಹುಟ್ಟುನೆಲೆಯಾಗಿ, ಮೊದಲ ಪ್ರಶ್ನೆ ಕೇಳಿದವರ ಅವಸ್ಥೆಯೇ ನಿಮಗೂ ಆಗುತ್ತದೆ. ಪರಿಮಳ ಮೂಗಿಗೆ ಬರುವುದು ಮೇಲೆ ಬಂದು ಒಡೆಯುವ ಗುಳ್ಳೆಗಳು ಚಿಮ್ಮಿಸುವ ಸಣ್ಣ ಹನಿಗಳಿಂದಲೂ ಹೌದು. ಗ್ಯಾಸ್ ಹೋದ ವೆನಿಲ್ಲಾ ಸೋಡಾ ಸಪ್ಪೆ ಎನಿಸುವುದಕ್ಕೆ ಅದೂ ಒಂದು ಕಾರಣ.

ಪ್ರಶ್ನೆ: ಸೋಡಾ ಬಾಟಲಿ ಕೊಳ್ಳುವ ಬದಲು ಅಡುಗೆ ಸೋಡಾ ಮತ್ತು ಸಿಟ್ರಿಕ್ ಆಮ್ಲವನ್ನು ಬೆರೆಸಿದೆ. ಗುಳ್ಳೆ ಬಂತು, ಆದರೆ ಉಪ್ಪುಪ್ಪಾಗಿ ಔಷಧದಂತಿತ್ತು. ಪ್ರಮಾಣ ಸರಿಪಡಿಸಬಹುದೆ?

ಉತ್ತರ: ಪ್ರಮಾಣದಿಂದ ಇದು ಸರಿಯಾಗದು. 84 ಗ್ರಾಂ ಅಡುಗೆ ಸೋಡಾ ಸುಮಾರು 64 ಗ್ರಾಂ ಸಿಟ್ರಿಕ್ ಆಮ್ಲದೊಡನೆ ಕೂಡಿ 44 ಗ್ರಾಂ ಅನಿಲ ಕೊಡುತ್ತದೆ. ಉಳಿದ ಸೋಡಿಯಂ ಸಿಟ್ರೇಟ್ ಎಂಬ ಲವಣ ನೀರಿನಲ್ಲೇ ನಿಲ್ಲುತ್ತದೆ. 250 ಮಿಲಿಲೀಟರ್ ಲೋಟಕ್ಕೆ ಬಾಟಲಿ ಸೋಡಾದಷ್ಟು ಚುರುಕು ಬರಿಸಲು 3 ಗ್ರಾಂ ಅಡುಗೆ ಸೋಡಾ ಬೇಕು, ಅದೂ ಒಂದಿಷ್ಟೂ ಅನಿಲ ಗಾಳಿಗೆ ಹೋಗದಿದ್ದರೆ. ಆ 3 ಗ್ರಾಂನಲ್ಲಿ 0.8 ಗ್ರಾಂ ಸೋಡಿಯಂ ಇದೆ. ವಯಸ್ಕರಿಗೆ ದಿನಕ್ಕೆ 2 ಗ್ರಾಂ ಮೀರಬಾರದೆಂಬುದು ವಿಶ್ವ ಆರೋಗ್ಯ ಸಂಸ್ಥೆಯ ಸಲಹೆ. ರಕ್ತದೊತ್ತಡವಿರುವವರು ಈ ದಾರಿಗೆ ಹೋಗಲೇಬಾರದು.

ಹಿಂದಿನವರಿಗೆ ಇದು ಗೊತ್ತಿತ್ತು. ಇಂಗ್ಲೆಂಡಿನ ವಿಜ್ಞಾನಿ ಜೋಸೆಫ್ ಪ್ರೀಸ್ಟ್ಲಿ 1772ರಲ್ಲಿ ಪ್ರಕಟಿಸಿದ ವಿಧಾನದಲ್ಲಿ ಸೀಮೆಸುಣ್ಣದ ಮೇಲೆ ಗಂಧಕಾಮ್ಲ ಬಿದ್ದು ಅನಿಲ ಹುಟ್ಟುತ್ತಿದ್ದುದು ಒಂದು ಪಾತ್ರೆಯಲ್ಲಿ, ಅದು ಹಾಯ್ದು ಕರಗುತ್ತಿದ್ದುದು ಇನ್ನೊಂದು ಪಾತ್ರೆಯ ನೀರಿನಲ್ಲಿ. ಲವಣ ಮೊದಲ ಪಾತ್ರೆಯಲ್ಲೇ ಉಳಿಯುತ್ತಿತ್ತು. ಮುಂದೆ ನ್ಯೂಯಾರ್ಕಿನ ಜಾನ್ ಮ್ಯಾಥ್ಯೂಸ್ ಅಮೃತಶಿಲೆಯ ಚೂರುಗಳಿಂದ ಅನಿಲ ತೆಗೆದು ಸೋಡಾ ಅಂಗಡಿಗಳಿಗೆ ಒದಗಿಸಿದಾಗಲೂ ತತ್ವ ಅದೇ. ಮನೆಯಲ್ಲಿ ಇಂಥ ಪ್ರಯೋಗ ಬೇಡ.

ಪ್ರಶ್ನೆ: ಮನೆಯಲ್ಲೇ ನೀರಿಗೆ ಗ್ಯಾಸ್ ತುಂಬಿಸುವ ಸೋಡಾ ಸೈಫನ್‌ಗೆ ಕ್ರೀಮ್ ನೊರೆಯಾಗಿಸುವ ಪಾತ್ರೆಯ ಗ್ಯಾಸ್ ಕಾರ್ಟ್ರಿಜ್ ಹಾಕಬಹುದೆ? ಎರಡೂ ನೋಡಲು ಒಂದೇ ತರಹ ಇವೆ.

ಉತ್ತರ: ಹಾಕಬಾರದು. ಕ್ರೀಮಿನದರಲ್ಲಿ ಇರುವುದು ನೈಟ್ರಸ್ ಆಕ್ಸೈಡ್. ಅದರಿಂದ ಸೋಡಾದ ಹುಳಿಯೂ ಚುರುಕೂ ಬರುವುದಿಲ್ಲ. ಇಂಗಾಲದ ಡೈಆಕ್ಸೈಡ್ ಎಂದು ಬರೆದಿರುವ 8 ಗ್ರಾಂ ಕಾರ್ಟ್ರಿಜ್ ಒಂದು ಲೀಟರ್ ಸೈಫನ್‌ಗೆ ಸರಿಹೊಂದುತ್ತದೆ. ಸೈಫನ್‌ಗೆ ಬರಿಯ ತಣ್ಣೀರನ್ನೇ ತುಂಬಿಸಿ, ಪಾಕ ಲೋಟದಲ್ಲಿರಲಿ.

ಪ್ರಶ್ನೆ: ಯೀಸ್ಟ್ ಹಾಕಿ ಬಾಟಲಿಯಲ್ಲೇ ಸೋಡಾ ಮಾಡುವುದು ಸುರಕ್ಷಿತವೆ? ಮದ್ಯವಾಗುವುದಿಲ್ಲವೆ?

ಉತ್ತರ: ಸ್ವಲ್ಪ ಆಗುತ್ತದೆ. ಯೀಸ್ಟ್ ಸಕ್ಕರೆಯನ್ನು ಒಡೆಯುವಾಗ ಅನಿಲವೂ ಮದ್ಯಸಾರವೂ ತೂಕದಲ್ಲಿ ಹೆಚ್ಚುಕಡಿಮೆ ಸಮನಾಗಿ ಹುಟ್ಟುತ್ತವೆ. ಲೀಟರಿಗೆ 4 ಗ್ರಾಂ ಅನಿಲ ಬರುವ ಹೊತ್ತಿಗೆ ಶೇ. 0.5ರಷ್ಟು ಮದ್ಯಸಾರ ಸೇರಿರುತ್ತದೆ. ಮದ್ಯವನ್ನು ಪೂರ್ತಿ ವರ್ಜಿಸುವವರು ಇದನ್ನು ಮಾಡದಿರುವುದೇ ಲೇಸು.

ನಿಜವಾದ ಅಪಾಯ ಬಾಟಲಿಯದು. ಪಾಕ ಬೆರೆತ ನೀರಿನಲ್ಲಿ ಸಕ್ಕರೆ ಬೇಕಾದಷ್ಟಿರುವುದರಿಂದ ಯೀಸ್ಟ್ ತಾನಾಗಿ ಸುಮ್ಮನಾಗುವುದಿಲ್ಲ. ಒತ್ತಡ ಏರುತ್ತಲೇ ಹೋಗುತ್ತದೆ, ಗಾಜಿನ ಬಾಟಲಿ ಸಿಡಿದರೆ ಕಣ್ಣಿಗೇ ಕುತ್ತು. ಸೋಡಾ ಬರುವಂಥ ಪ್ಲಾಸ್ಟಿಕ್ ಬಾಟಲಿಯನ್ನೇ ಬಳಸಿ, ಲೀಟರಿಗೆ ಒಂದು ದೊಡ್ಡ ಚಿಟಿಕೆ ಯೀಸ್ಟ್ ಹಾಕಿ, ಮೇಲೆ ಎರಡು ಬೆರಳಿನಷ್ಟು ಜಾಗ ಬಿಟ್ಟು ಮುಚ್ಚಿ, ಬೆಚ್ಚಗಿರುವ ಕಡೆ ಇಡಿ. ಕೆಲವು ಗಂಟೆಗೊಮ್ಮೆ ಬಾಟಲಿಯನ್ನು ಹಿಸುಕಿ ನೋಡುತ್ತಿರಬೇಕು. ಅರ್ಧ ದಿನದಿಂದ ಎರಡು ದಿನದೊಳಗೆ ಅದು ಬೆರಳಿಗೆ ಮಣಿಯದಷ್ಟು ಬಿಗಿಯಾದೊಡನೆ ಫ್ರಿಜ್ಜಿಗೆ ಸೇರಿಸಿ, ವಾರದೊಳಗೆ ಮುಗಿಸಿ. ಒಮ್ಮೆ ನಾನು ಬಾಟಲಿಯನ್ನು ಮರೆತು ಮೂರನೆಯ ದಿನ ಮುಚ್ಚಳ ತಿರುಗಿಸಿದಾಗ ಮುಕ್ಕಾಲು ಬಾಟಲಿ ಅಡುಗೆಮನೆಯ ತಾರಸಿಗೆ ಹೋಯಿತು. ಉಳಿದ ಕಾಲು ಬಾಟಲಿಯಲ್ಲಿ ವೆನಿಲ್ಲಾಕ್ಕಿಂತ ಬ್ರೆಡ್ಡಿನ ಹಿಟ್ಟಿನ ವಾಸನೆಯೇ ಹೆಚ್ಚಿತ್ತು, ಆದ್ದರಿಂದ ವೆನಿಲ್ಲಾದ ಮಟ್ಟಿಗೆ ನಾನು ಈ ವಿಧಾನವನ್ನು ಕೈಬಿಟ್ಟಿದ್ದೇನೆ.

ಪ್ರಶ್ನೆ: ಹಳೆಯ ಸೋಡಾ ಅಂಗಡಿಗಳ ‘ವೆನಿಲ್ಲಾ ಫಾಸ್ಫೇಟ್’ ಎಂದರೇನು?

ಉತ್ತರ: ವೆನಿಲ್ಲಾ ಪಾಕ ಮತ್ತು ಸೋಡಾಕ್ಕೆ ಕೆಲವು ಹನಿ ‘ಆಸಿಡ್ ಫಾಸ್ಫೇಟ್’ ಹಾಕಿದ ಪಾನೀಯ. ಅದು ಫಾಸ್ಫಾರಿಕ್ ಆಮ್ಲವನ್ನು ಕ್ಯಾಲ್ಸಿಯಂ, ಮೆಗ್ನೀಸಿಯಂ, ಪೊಟ್ಯಾಸಿಯಂ ಲವಣಗಳೊಡನೆ ಸೇರಿಸಿದ ದ್ರಾವಣ. ಹಣ್ಣಿನ ರುಚಿಯನ್ನು ತರದೆ ಹುಳಿಯನ್ನಷ್ಟೇ ಕೊಡುತ್ತಿತ್ತು. ತುಕ್ಕು ತೆಗೆಯಲು ಮಾರುವ ಫಾಸ್ಫಾರಿಕ್ ಆಮ್ಲವನ್ನು ಎಂದೂ ಅಡುಗೆಗೆ ತರಬೇಡಿ. ಲೋಟಕ್ಕೆ ಒಂದು ಚಿಟಿಕೆ ಟಾರ್ಟಾರಿಕ್ ಆಮ್ಲ ಹಾಕಿದರೆ ಆ ರುಚಿಗೆ ತಕ್ಕಮಟ್ಟಿಗೆ ಹತ್ತಿರವಾಗುತ್ತದೆ.

ಪ್ರಶ್ನೆ: ಕ್ರೀಮ್ ಸೋಡಾದಲ್ಲಿ ಕ್ರೀಮ್ ಇರುತ್ತದೆಯೆ? ನಾನು ಪಾಕಕ್ಕೆ ಹಾಲು ಹಾಕಿದಾಗ ಒಡೆಯಿತು.

ಉತ್ತರ: ಈಗ ಬಾಟಲಿಯಲ್ಲಿ ಬರುವ ಕ್ರೀಮ್ ಸೋಡಾದಲ್ಲಿ ಸಾಮಾನ್ಯವಾಗಿ ಇರುವುದಿಲ್ಲ, ವೆನಿಲ್ಲಾದ ರುಚಿಯೇ ಕೆನೆಯನ್ನು ನೆನಪಿಸುತ್ತದೆ. 1852ರಲ್ಲಿ ಅಮೆರಿಕದ ಮಿಷಿಗನ್ನಿನ ಒಂದು ಕೃಷಿ ಪತ್ರಿಕೆಯಲ್ಲಿ ಅಚ್ಚಾದ ವಿಧಾನದಲ್ಲಿ ಮಾತ್ರ ಸಕ್ಕರೆ ಮತ್ತು ಟಾರ್ಟಾರಿಕ್ ಆಮ್ಲದ ಜೊತೆ ಹಾಲೂ ಮೊಟ್ಟೆಯೂ ಇದ್ದವು, ಕುಡಿಯುವ ಮೊದಲು ಅಡುಗೆ ಸೋಡಾ ಬೆರೆಸಿ ನೊರೆ ಬರಿಸುತ್ತಿದ್ದರು.

ನಿಮ್ಮ ಹಾಲು ಒಡೆದದ್ದು ಪಾಕದ ಸಿಟ್ರಿಕ್ ಆಮ್ಲದಿಂದ. ಹುಳಿ ಹೆಚ್ಚಿ ಅದರ ಅಳತೆಯಾದ ಪಿಎಚ್ 4.6ರ ಹತ್ತಿರಕ್ಕೆ ಇಳಿದಾಗ ಹಾಲಿನ ಮುಖ್ಯ ಪ್ರೋಟೀನಾದ ಕೇಸಿನ್ ಹೆಪ್ಪುಗಟ್ಟುತ್ತದೆ. ಸೋಡಾ ನೀರೂ ಹುಳಿಯೇ ಆದರೂ ಅದರ ಆಮ್ಲ ಬಹಳ ದುರ್ಬಲವಾದದ್ದು. ಹಾಲು ಅದನ್ನು ಸುಲಭವಾಗಿ ತಾಳಿಕೊಳ್ಳುತ್ತದೆ. ಹಾಲು ಅಥವಾ ಕೆನೆ ಹಾಕುವ ಪಾನೀಯಕ್ಕೆ ಆಮ್ಲವಿಲ್ಲದ ಪಾಕವನ್ನು ಬೇರೆಯಾಗಿಯೇ ಕಾಯಿಸಿಟ್ಟು, ತಣ್ಣಗಿನ ಕೆನೆಯನ್ನು ಮೊದಲು ಅದರಲ್ಲಿ ಕಲಸಿ, ಆಮೇಲೆ ಸೋಡಾ ಸುರಿಯಿರಿ. ಹಾಲಿಗಿಂತ ಕೆನೆಯಲ್ಲಿ ಕೇಸಿನ್ ಕಡಿಮೆ, ಆದ್ದರಿಂದ ಅದು ಇನ್ನೂ ಕ್ಷೇಮ.

ಐಸ್‌ಕ್ರೀಮ್ ಹಾಕುವುದಾದರೆ ಪಾಕವನ್ನು ಅರ್ಧಕ್ಕೆ ಇಳಿಸಿ, ಲೋಟದ ಮುಕ್ಕಾಲು ಭಾಗಕ್ಕೆ ಸೋಡಾ ತುಂಬಿ, ಒಂದು ಗುಂಡು ಐಸ್‌ಕ್ರೀಮನ್ನು ಅಂಚಿಗೆ ಒತ್ತಿ ಮೆಲ್ಲಗೆ ಇಳಿಬಿಡಿ. ಐಸ್‌ಕ್ರೀಮಿನೊಳಗಿನ ಗಾಳಿಯ ಕಣಗಳಿಂದ ಗುಳ್ಳೆ ಏಳುತ್ತವೆ, ಹಾಲಿನ ಪ್ರೋಟೀನು ಆ ಗುಳ್ಳೆಗಳು ಒಡೆಯದಂತೆ ಹಿಡಿದಿಡುತ್ತದೆ. ಇಲ್ಲಿ ಮಾತ್ರ ನೊರೆ ಉಕ್ಕಲೇಬೇಕು. ಲೋಟದ ಕೆಳಗೆ ಒಂದು ತಟ್ಟೆ ಇಟ್ಟುಕೊಳ್ಳಿ.