ಕಾಸರಗೋಡಿನಲ್ಲಿ ಕನ್ನಡ ಮಾಧ್ಯಮದಲ್ಲಿ ಓದಿದವರು ರೇಡಿಯೋ ಉದ್ಘೋಷಕ, ಟಿವಿ ನಿರೂಪಕ ಆಗಬಹುದೇ?

ಖಂಡಿತ ಆಗಬಹುದು. ಆದರೆ ಬರೀ ರೇಡಿಯೋ ದುಡ್ಡನ್ನೇ ನಂಬಿ ಹೊರಡಬೇಡಿ.

ಹತ್ತಿರದ ದಾರಿ ಮಂಗಳೂರು ಆಕಾಶವಾಣಿ. 1976ರಲ್ಲಿ ಶುರುವಾದ ಈ ನಿಲಯದಲ್ಲಿ ಕನ್ನಡದ ಜೊತೆ ತುಳು, ಕೊಂಕಣಿ ಕಾರ್ಯಕ್ರಮಗಳೂ ಬರುತ್ತವೆ. ಮನೆಯಲ್ಲಿ ತುಳು, ಶಾಲೆಯಲ್ಲಿ ಕನ್ನಡ, ಪೇಟೆಯಲ್ಲಿ ಮಲಯಾಳಂ ಆಡಿ ಬೆಳೆದ ಕುಂಬಳೆ, ಬದಿಯಡ್ಕದವರಿಗೆ ಇದು ದೊಡ್ಡ ಬಲ. ಹೊಸಬರು ಸಾಮಾನ್ಯವಾಗಿ ತಾತ್ಕಾಲಿಕ ಉದ್ಘೋಷಕರಾಗಿ ಸೇರುತ್ತಾರೆ. ಮೊದಲು ಲಿಖಿತ ಪರೀಕ್ಷೆ, ಆಮೇಲೆ ಧ್ವನಿ ಪರೀಕ್ಷೆ. ತಿಂಗಳಲ್ಲಿ ಕೆಲವೇ ದಿನ ಪಾಳಿ ಸಿಗುವುದರಿಂದ ಜೊತೆಗೆ ಬೇರೆ ಕೆಲಸ ಇರಲೇಬೇಕು.

ಒಳ್ಳೆಯ ಕಂಠ ಇದ್ದರಷ್ಟೇ ಸಾಲದು. ಶ, ಷ, ಸ ಬೇರೆ ಬೇರೆಯಾಗಿ ಕೇಳಬೇಕು. ಮಹಾಪ್ರಾಣ ಜಾರಬಾರದು. ಪತ್ರಿಕೆಯ ಒಂದು ಸುದ್ದಿ ತೆಗೆದುಕೊಳ್ಳಿ, ಉಸಿರು ಎಳೆಯುವ ಕಡೆ ಪೆನ್ಸಿಲ್ ಗೀಟು ಹಾಕಿ, ಓದಿ ಮೊಬೈಲಿನಲ್ಲಿ ರೆಕಾರ್ಡ್ ಮಾಡಿ. ವಾಕ್ಯದ ಕೊನೆಯ ಕ್ರಿಯಾಪದ ನುಂಗಿಹೋಗಿದೆಯಾ ಅಂತ ಕೇಳಿ ನೋಡಿ. ‘ಬಂದರು’, ‘ಬರಲಿಲ್ಲ’ ಗೊತ್ತಾಗುವುದೇ ಅಲ್ಲಿ, ಅಲ್ವಾ? ಹೊಸಬರು ಜಾಸ್ತಿ ಎಡವುವುದು ಇಲ್ಲೇ.

ಟಿವಿ ನಿರೂಪಣೆ ಬೇರೆ ಕಸುಬು. ಉತ್ತರ ಕೇರಳದ ದೈವಾರಾಧನೆಯ ಕುಣಿತವಾದ ತೆಯ್ಯಂನ ದೃಶ್ಯ ಓಡುತ್ತಿರುವಾಗ ಬೆಂಕಿ ಉರಿಯುತ್ತಿದೆ ಅಂತ ಸುಮ್ನೆ ಹೇಳಬೇಕಿಲ್ಲ, ಅದು ಕಾಣುತ್ತದೆ. ಕಾಣದ್ದನ್ನು ಹೇಳಿ. ಚೆಂಡೆಯ ಸದ್ದು ಬಂದಾಗ ಮಾತು ನಿಲ್ಲಿಸಿ. ಸಾಕ್ಷ್ಯಚಿತ್ರ, ಜಾಹೀರಾತಿಗೆ ದನಿ ಕೊಡುವ ಕೆಲಸವೂ ಇದೆ. ಅದಕ್ಕಾಗಿ ನಿಮ್ಮ ದನಿಯ ಎರಡು ನಿಮಿಷದ ಮಾದರಿ ಧ್ವನಿಮುದ್ರಣ ಮಾಡಿ, ಮಂಗಳೂರಿನ ರೆಕಾರ್ಡಿಂಗ್ ಸ್ಟುಡಿಯೋಗಳಿಗೆ ಈಗಲೇ ಕಳಿಸಲು ಶುರುಮಾಡಿ.